ಯಜಮಾನಿ ಯಾರು?

2023ರ ಆಗಸ್ಟ್ 30ರಂದು ಗೃಹಲಕ್ಷ್ಮಿ ಯೋಜನೆ ಆರಂಭವಾಗುವ ಮೊದಲೇ ಊರ ಕಟ್ಟೆಗಳಲ್ಲಿ ನಗೆಯಾಟ ಶುರುವಾಗಿತ್ತು. ತಿಂಗಳಿಗೆ ಎರಡು ಸಾವಿರ ಅತ್ತೆಗೋ ಸೊಸೆಗೋ? ಇನ್ನು ಮನೆಮನೆಯಲ್ಲೂ ಜಗಳವೇ! ಹೀಗೆ ನಕ್ಕವರ ಮನೆಯ ಹೊಲ ಯಾರ ಹೆಸರಿನಲ್ಲಿದೆ ಎಂದು ನಾವು ಕೇಳಬೇಕಿತ್ತು.

2013ರ ಆಹಾರ ಭದ್ರತಾ ಕಾಯ್ದೆಯಂತೆ ರೇಷನ್ ಕಾರ್ಡಿನಲ್ಲಿ ಮನೆಯ ಹಿರಿಯ ಹೆಂಗಸೇ ಯಜಮಾನಿ. ಹೀಗಾಗಿ ಅತ್ತೆ ಸೊಸೆ ಒಟ್ಟಿಗಿರುವ ಮನೆಗಳಲ್ಲಿ ಹಣ ಸಾಮಾನ್ಯವಾಗಿ ಅತ್ತೆಯ ಖಾತೆಗೆ ಬಂತು. ಬರಲಿ, ಸಂತೋಷವೇ. ಎಷ್ಟೋ ಮಂದಿಗೆ ಬದುಕಿನಲ್ಲಿ ತಮ್ಮ ಹೆಸರಿಗೆ ಬಂದ ಮೊದಲ ದುಡ್ಡು ಅದು.

ಆದರೆ ಈ ಯಜಮಾನಿಯ ಬದುಕನ್ನು ಸ್ವಲ್ಪ ನೋಡಿ. ಪಹಣಿಯಲ್ಲಿ ಮೊದಲು ಮಾವನ ಹೆಸರು, ಆಮೇಲೆ ಗಂಡನದು, ಈಗ ಮಗನದು. ತವರಿನ ಪಾಲನ್ನು ಅಣ್ಣತಮ್ಮಂದಿರಿಗೆ ಬಿಟ್ಟು ಸಹಿ ಹಾಕಿ ಬಂದಿದ್ದಾಳೆ. ಹಬ್ಬಕ್ಕೊಂದು ಸೀರೆ, ಅರಿಶಿನ ಕುಂಕುಮ ತಪ್ಪದಿರಲಿ ಎಂದು. ಅವಳ ಕೈಗೆ ಸಿಕ್ಕಿದ್ದು ಉಗ್ರಾಣದ ಬೀಗದ ಕೈ, ಮತ್ತು ಸೊಸೆಯ ಮೇಲಿನ ಅಧಿಕಾರ. ಮಗ ಕೈಬಿಟ್ಟರೆ ಅದೂ ಇಲ್ಲ. ವರದಕ್ಷಿಣೆಯ ಮಾತು ಬಂದಾಗ ಬಾಯಿ ಅವಳದೇ ಆಗಿರುತ್ತದೆ, ನಿಜ. ಬಂದ ಬೈಕು ಹತ್ತುವವರು ಯಾರು? 'ಹೆಣ್ಣಿಗೆ ಹೆಣ್ಣೇ ಶತ್ರು' ಎನ್ನುವ ಮಾತು ಯಾರಿಗೆ ಅನುಕೂಲ?

ಹಾಗೆಂದು ಅತ್ತೆಯ ಕ್ರೌರ್ಯಕ್ಕೆ ವಿನಾಯಿತಿಯಿಲ್ಲ. 2005ರ ಕೌಟುಂಬಿಕ ಹಿಂಸೆ ಕಾಯ್ದೆಯಲ್ಲಿದ್ದ 'ವಯಸ್ಕ ಪುರುಷ ವ್ಯಕ್ತಿ' ಎಂಬ ಮಾತಿನಿಂದ 'ವಯಸ್ಕ ಪುರುಷ' ಎಂಬುದನ್ನು ಸುಪ್ರೀಂ ಕೋರ್ಟು 2016ರಲ್ಲಿ ತೆಗೆದುಹಾಕಿತು. ಹಿಂಸಿಸುವ ಹೆಂಗಸಿನ ಮೇಲೂ ದೂರು ಕೊಡಬಹುದು. ಮಗನಿಂದ ಪೆಟ್ಟು ತಿನ್ನುವ ತಾಯಿಗೂ ಅದೇ ಕಾಯ್ದೆ ಆಸರೆ. ಇನ್ನು ಸೊಸೆಯ ಒಡವೆ ಅತ್ತೆಯ ಪೆಟ್ಟಿಗೆಯಲ್ಲಿದ್ದರೂ ಸೊಸೆಯದೇ; 1985ರಲ್ಲೇ ಸುಪ್ರೀಂ ಕೋರ್ಟು ಹಾಗೆಂದಿದೆ.

ತವರಿನ ಪಾಲಿನ ಮಾತೂ ಮುಗಿದಿಲ್ಲ. ಕರ್ನಾಟಕದಲ್ಲಿ 1994ರಿಂದ, ಮದುವೆಯಾಗದ ಹೆಣ್ಣುಮಕ್ಕಳಿಗೆ ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಸಮಪಾಲು ಬಂತು. 2005ರ ತಿದ್ದುಪಡಿ ಮದುವೆಯಾದವರಿಗೂ ಕೊಟ್ಟಿತು. ಆ ಹೊತ್ತಿಗೆ ತಂದೆ ತೀರಿಹೋಗಿದ್ದರೂ ಹಕ್ಕು ಉಂಟೆಂದು 2020ರಲ್ಲಿ ಸುಪ್ರೀಂ ಕೋರ್ಟು ತೀರ್ಪಿತ್ತಿತು. ಕೊಟ್ಟ ವರದಕ್ಷಿಣೆಯೇ ನಿನ್ನ ಪಾಲು ಎನ್ನುವ ಅಣ್ಣನಿಗೆ ಇದನ್ನು ಓದಿ ಹೇಳಿ.

ನಮ್ಮ ಸಂಘಗಳಲ್ಲಿ ಅತ್ತೆ ಸೊಸೆ ಒಂದೇ ಚಾಪೆಯ ಮೇಲೆ ಕೂರುತ್ತಾರೆ. ಸೋದರಿಯರೇ, ಮುಂದಿನ ಸಭೆಗೆ ಉಳಿತಾಯದ ಪುಸ್ತಕದ ಜೊತೆಗೆ ನಿಮ್ಮ ಮನೆಯ ಪಹಣಿಯನ್ನೂ ತನ್ನಿ. ಓದು ಬಲ್ಲ ಸೊಸೆ ಅತ್ತೆಗೆ ಓದಿ ಹೇಳಲಿ.