ಲೆಕ್ಕ ಮುರಿಯುವ ಜಾಗಕ್ಕೆ ಕೈಮುಗಿಯಬೇಕೆ?

ಯಂತ್ರದ ಬುದ್ಧಿ ಮನುಷ್ಯನ ಬುದ್ಧಿಯನ್ನು ಮೀರುವ ದಿನ ಬಂದೇ ತೀರುವುದೆಂದೂ ಅದನ್ನು ಯಾರೂ ತಡೆಯಲಾರರೆಂದೂ ಒಂದು ಹೊಸ ಪುರಾಣ ಹುಟ್ಟಿದೆ. ಆ ದಿನದ ಹೆಸರು ‘ಸಿಂಗ್ಯುಲಾರಿಟಿ’. ಅಮೆರಿಕದ ರೇ ಕರ್ಜ್‌ವೈಲ್ 2005ರ ತಮ್ಮ ಪುಸ್ತಕದಲ್ಲಿ ಅದಕ್ಕೆ 2045 ಎಂದು ಮುಹೂರ್ತವನ್ನೂ ಇಟ್ಟರು. ಚನ್ನಗಿರಿಯ ಅಡಿಕೆ ವರ್ತಕನಿಗೆ, ಜಗಳೂರಿನ ಮೆಕ್ಕೆಜೋಳದ ಹಮಾಲನಿಗೆ ಇದರ ಗೊಡವೆ ಏಕೆ ಎನ್ನುವಿರಾ? ತಡೆಯಲಾಗದೆಂದು ಒಪ್ಪಿಕೊಂಡವನು ನಾಳೆ ತನ್ನ ಪಾಲನ್ನೂ ಕೇಳಲಾರ. ಅದಕ್ಕೇ ಈ ಮಾತು.

ಈ ಪದ ಗಣಿತದ್ದು. ನೂರು ರೂಪಾಯಿಯನ್ನು ಹತ್ತು ಜನಕ್ಕೆ ಹಂಚಿದರೆ ತಲೆಗೆ ಹತ್ತು, ಇಬ್ಬರಿಗಾದರೆ ಐವತ್ತು. ಸೊನ್ನೆ ಜನಕ್ಕೆ ಹಂಚಿದರೆ? ಉತ್ತರವಿಲ್ಲ. ಲೆಕ್ಕ ಮುರಿದುಬೀಳುವ ಈ ಜಾಗವೇ ಸಿಂಗ್ಯುಲಾರಿಟಿ. ಇಲ್ಲಿಗೆ ಈ ಸೂತ್ರ ಸಾಲದು ಎಂಬ ಎಚ್ಚರಿಕೆ ಅದು.

ವಿಜ್ಞಾನಿಗಳು ಅದನ್ನು ಹಾಗೆಯೇ ಓದುತ್ತಾರೆ. ಷ್ವಾರ್ಜ್‌ಶಿಲ್ಡ್ 1916ರಲ್ಲಿ ಪ್ರಕಟಿಸಿದ ಸೂತ್ರ, ಇಂದು ನಾವು ಕಪ್ಪುಕುಳಿ ಎನ್ನುವುದರ ಸೂತ್ರ, ಎರಡು ಕಡೆ ಮುರಿಯುತ್ತಿತ್ತು. ಹೊರಗಿನದು ಅಳತೆಯ ರೀತಿಯ ದೋಷವೆಂದು ಮುಂದೆ ತಿಳಿಯಿತು; ನಡುಮಧ್ಯದ್ದು ಉಳಿಯಿತು. ಅದಕ್ಕೆ ಯಾರೂ ಆರತಿ ಎತ್ತಲಿಲ್ಲ, ಮೇಲಾದ ಸಿದ್ಧಾಂತವನ್ನು ಹುಡುಕುತ್ತಿದ್ದಾರೆ. ಕಪ್ಪುಕುಳಿಯನ್ನು ಕುಲುಕಿದರೆ ಅದು ಗಂಟೆಯಂತೆ ಮೊಳಗಿ ಅಡಗುತ್ತದೆಂದು 1970ರಲ್ಲಿ ಲೆಕ್ಕ ಹಾಕಿ ತೋರಿಸಿದವರು ನಮ್ಮ ಕನ್ನಡಿಗರೇ ಆದ ಸಿ.ವಿ. ವಿಶ್ವೇಶ್ವರ.

ಮುಹೂರ್ತ ಇಡುವ ಚಾಳಿ ಹೊಸದಲ್ಲ. 1960ರಲ್ಲಿ ಹೈಂಜ್ ಫಾನ್ ಫಾರ್ಸ್ಟರ್ ಮತ್ತು ಇಬ್ಬರು ಸಂಗಡಿಗರು, ಜನಸಂಖ್ಯೆ ಹಿಂದಿನಂತೆಯೇ ಏರುತ್ತ ಹೋದರೆ 2026ರ ನವೆಂಬರ್ 13, ಶುಕ್ರವಾರ ಅದು ಅನಂತವಾಗುವುದೆಂದು ಬರೆದರು. ಆಮೇಲೆ ಏನಾಯಿತು? ಕೋಟ್ಯಂತರ ಸಂಸಾರಗಳು ಮಕ್ಕಳ ಸಂಖ್ಯೆಯನ್ನು ತಾವೇ ಕಡಿಮೆ ಮಾಡಿಕೊಂಡವು. ಅದೇ ದಶಕದ ಕೊನೆಯಿಂದ ಏರಿಕೆಯ ದರ ಇಳಿಯತೊಡಗಿತು. 2022ರಲ್ಲಿ ಲೋಕದ ಜನಸಂಖ್ಯೆ 800 ಕೋಟಿ ಮುಟ್ಟಿತು. ಅದು ಎಣಿಸಬಹುದಾದ ಸಂಖ್ಯೆ. ಸೂತ್ರದಲ್ಲಿ ಇಲ್ಲದ ಮನುಷ್ಯ ಸೂತ್ರವನ್ನೇ ಸುಳ್ಳು ಮಾಡಿದ.

ಯಂತ್ರ ತನಗಿಂತ ಜಾಣ ಯಂತ್ರವನ್ನು ತಾನೇ ಕಟ್ಟೀತೆಂದು ಐ.ಜೆ. ಗುಡ್ 1965ರಲ್ಲಿ ಬರೆದರು. ಕಟ್ಟಲಿ! ಅದಕ್ಕೂ ವಿದ್ಯುತ್ತು ಬೇಕು, ನೀರು ಬೇಕು, ಹಣ ಬೇಕು. ಹಣ ಹಾಕುವ ಒಡೆಯನಿದ್ದಾನೆ, ಲಾಭ ಎಣಿಸುವ ಒಡೆಯನೂ ಅವನೇ. ದಾವಣಗೆರೆಯ ಬಟ್ಟೆ ಗಿರಣಿಗಳು ಒಂದೊಂದಾಗಿ ನಿಂತದ್ದನ್ನು ಕಂಡ ಜನ ನಾವು. ಕಾಲಕ್ಕೆ ಕೈಗಳಿಲ್ಲ, ಬೀಗ ಹಾಕಿದ್ದು ಮನುಷ್ಯರ ಕೈ.

ನಾವು ಯಂತ್ರದ ವೈರಿಗಳಲ್ಲ. ಹೊನ್ನಾಳಿಯ ಅಕ್ಕಿ ಗಿರಣಿಗೆ, ನ್ಯಾಮತಿಯ ಅಂಗಡಿಗೆ ನಾಳೆ ಈ ಜಾಣಯಂತ್ರ ಬಂದರೆ ಕೇಳಬೇಕಾದ ಪ್ರಶ್ನೆಗಳು ಮೂರೇ: ಒಡೆಯ ಯಾರು? ಉಳಿದ ಹೊತ್ತು ಯಾರದು? ಉಳಿದ ದುಡ್ಡು ಯಾರದು? ನೂರು ರೂಪಾಯಿಯನ್ನು ಹಂಚುವಾಗ ದುಡಿಯುವವರನ್ನು ಸೊನ್ನೆ ಎಂದು ಬರೆಯುವ ಲೆಕ್ಕ ಗಣಿತದಲ್ಲೂ ನಿಲ್ಲದು. ಅದನ್ನು ನಮ್ಮ ಊರುಗಳಲ್ಲಿ ನಿಲ್ಲಗೊಡಬೇಡಿ.