ಹನ್ನೆರಡು ನಿಮಿಷದ ನ್ಯಾಯ

ತೆರೆಯ ತುಂಬ ಒಂದು ಮುಖ. ಪೊದೆ ಮೀಸೆ, ಹ್ಯಾಟು, ಕುತ್ತಿಗೆಗೆ ಸುತ್ತಿದ ಬಟ್ಟೆ. ಅವನು ಪಿಸ್ತೂಲು ಎತ್ತಿ ನೇರವಾಗಿ ಪ್ರೇಕ್ಷಕರತ್ತಲೇ ಗುಂಡು ಹಾರಿಸುತ್ತಾನೆ. ಸದ್ದಿಲ್ಲ, ಬರೀ ಹೊಗೆ. 1903ರ ‘ದಿ ಗ್ರೇಟ್ ಟ್ರೈನ್ ರಾಬರಿ’ಯ ಈ ದೃಶ್ಯವನ್ನು ಚಿತ್ರದ ಆರಂಭದಲ್ಲಾದರೂ ತೋರಿಸಿ, ಕೊನೆಯಲ್ಲಾದರೂ ತೋರಿಸಿ ಎಂದು ಎಡಿಸನ್ ಕಂಪನಿ ಪ್ರದರ್ಶಕರಿಗೇ ಬಿಟ್ಟಿತ್ತು.

ಎಡ್ವಿನ್ ಪೋರ್ಟರ್ ನಿರ್ದೇಶಿಸಿದ ಈ ಚಿತ್ರ ಸುಮಾರು ಹನ್ನೆರಡು ನಿಮಿಷದ್ದು. ಕಳ್ಳರು ರೈಲು ದೋಚುತ್ತಾರೆ; ಓಡಲು ಹೊರಟ ಪ್ರಯಾಣಿಕನ ಬೆನ್ನಿಗೆ ಗುಂಡು ಬೀಳುತ್ತದೆ. ಕಳ್ಳರು ಕಟ್ಟಿಹಾಕಿದ್ದ ನಿಲ್ದಾಣದ ತಂತಿ ಗುಮಾಸ್ತನನ್ನು ಅವನ ಪುಟ್ಟ ಮಗಳು ಬಿಡಿಸುತ್ತಾಳೆ. ಅವನು ಕುಣಿತದ ಮನೆಗೆ ಓಡಿ ಸುದ್ದಿ ಮುಟ್ಟಿಸಿದ್ದೇ ತಡ, ಗಂಡಸರು ಬಂದೂಕು ಹಿಡಿದು ಹೊರಡುತ್ತಾರೆ. ಕಾಡಿನಲ್ಲಿ ಕಳ್ಳರೆಲ್ಲ ಸಾಯುತ್ತಾರೆ. ಬಂಧನವಿಲ್ಲ, ವಿಚಾರಣೆಯಿಲ್ಲ.

ನ್ಯಾಯಾಲಯವೆಂದರೆ ಮಾತು: ಸಾಕ್ಷಿ, ಪಾಟೀಸವಾಲು, ವಾದ. ಮೂಕಿ ಚಿತ್ರಕ್ಕೆ ಮಾತಿರಲಿಲ್ಲ, ಒಂದು ರೀಲಿನಲ್ಲಿ ಕಾಲು ಗಂಟೆಗಿಂತ ಹೆಚ್ಚು ಕಥೆ ಹಿಡಿಸುತ್ತಿರಲಿಲ್ಲ. ಕುದುರೆ ಓಡಿಸುವುದಕ್ಕೂ ಗುಂಡು ಹಾರಿಸುವುದಕ್ಕೂ ಮಾತು ಬೇಕಿಲ್ಲ. ತಂತ್ರದ ಈ ಇಕ್ಕಟ್ಟೇ ಕ್ರಮೇಣ ನೀತಿಯ ವೇಷ ತೊಟ್ಟಿತು. ಅಟ್ಟಿಸಿಕೊಂಡು ಹೋಗಿ ಕೊಲ್ಲುವುದೇ ನ್ಯಾಯವೆಂದು ಪ್ರೇಕ್ಷಕರಿಗೆ ರೂಢಿಯಾಯಿತು.

ಎಲ್ಲರೂ ಹಾಗೆ ಚಿತ್ರ ತೆಗೆಯಲಿಲ್ಲ ಎಂಬುದನ್ನು ಒತ್ತಿ ಹೇಳಬೇಕು. ಅಮೆರಿಕದ ಮೂಲನಿವಾಸಿ ಹಿನ್ನೆಲೆಯ ಜೇಮ್ಸ್ ಯಂಗ್ ಡೀರ್ 1910ರಲ್ಲಿ ‘ವೈಟ್ ಫಾನ್ಸ್ ಡಿವೋಷನ್’ ನಿರ್ದೇಶಿಸಿದರು. ಬಿಳಿಯ ಗಂಡ ತನ್ನನ್ನು ಬಿಟ್ಟು ಹೋದಾನೆಂಬ ಭಯಕ್ಕೆ ಹೆಂಡತಿ ತಾನೇ ಇರಿದುಕೊಳ್ಳುತ್ತಾಳೆ. ಅಪ್ಪನ ಕೈಯಲ್ಲಿ ಚಾಕು ಕಂಡ ಮಗಳು ಅವನೇ ಕೊಂದನೆಂದು ತಿಳಿದು ತಾಯಿಯ ಬುಡಕಟ್ಟಿನವರ ಬಳಿಗೆ ಓಡುತ್ತಾಳೆ. ಬೆನ್ನಟ್ಟಿ ಹಿಡಿದು ತಂದವರು ಇನ್ನೇನು ಅವನನ್ನು ಕೊಲ್ಲಬೇಕು, ಆಗ ಹೆಂಡತಿ ಜೀವಂತವಾಗಿ ಬಂದು ನಿಲ್ಲುತ್ತಾಳೆ. ಮಗು ಸುಳ್ಳು ಹೇಳಿರಲಿಲ್ಲ, ಕಂಡದ್ದನ್ನೇ ಹೇಳಿತ್ತು. ಕಣ್ಣಾರೆ ಕಂಡದ್ದೂ ತಪ್ಪಾಗಬಹುದು ಎಂಬುದನ್ನು ಒಂದೂ ಮಾತಿಲ್ಲದೆ ತೋರಿಸಿದ ಈ ಪುಟ್ಟ ಚಿತ್ರ ಪೋರ್ಟರ್ ಚಿತ್ರಕ್ಕಿಂತ ದೊಡ್ಡದು.

ವಿಚಾರಣೆಯಿಲ್ಲದ ಕೊಲೆ ತೆರೆಯ ಮೇಲಷ್ಟೇ ಇರಲಿಲ್ಲ. ಅದೇ ವರ್ಷಗಳಲ್ಲಿ ಅಮೆರಿಕದ ದಕ್ಷಿಣ ರಾಜ್ಯಗಳಲ್ಲಿ ಗುಂಪುಗಳು ಕಪ್ಪು ಜನರನ್ನು ವಿಚಾರಣೆಯಿಲ್ಲದೆ ಮರಕ್ಕೆ ನೇತುಹಾಕುತ್ತಿದ್ದವು. ಇಂಥ ಕೊಲೆಯನ್ನು ಪ್ರತ್ಯೇಕ ಅಪರಾಧವೆಂದು ಸಾರುವ ಕೇಂದ್ರ ಕಾನೂನು ಅಲ್ಲಿ ಬಂದದ್ದು 2022ರಲ್ಲಿ.

ಎರಡೂ ಚಿತ್ರಗಳು ಇಂದು ಅಂತರ್ಜಾಲದಲ್ಲಿ ಸಿಗುತ್ತವೆ. ಅರ್ಧ ಗಂಟೆಯೂ ಬೇಡ. ಪೋರ್ಟರ್ ಚಿತ್ರ ಮುಗಿದೊಡನೆ ಯಂಗ್ ಡೀರ್ ಚಿತ್ರವನ್ನೂ ನೋಡಿ.