ನೀರು ಬಂತು, ಕೈ ಬದಲಾಗಲಿಲ್ಲ

ನಮ್ಮ ಗೋರೆಗಾಂವಿನ ಅನೇಕ ಕನ್ನಡ ಮನೆಗಳಲ್ಲಿ ಬೆಳಗಾಗುವುದು ಸೂರ್ಯನಿಂದಲ್ಲ, ನಲ್ಲಿಯಿಂದ. ನೀರು ಬರುವ ಹೊತ್ತಿಗೆ ಎದ್ದು ಬಾಲ್ದಿ ತುಂಬಬೇಕು, ಚಹಾ ಇಡಬೇಕು, ದೋಸೆ ಹೊಯ್ಯಬೇಕು, ಮಕ್ಕಳನ್ನು ಎಬ್ಬಿಸಬೇಕು, ಎಲ್ಲರ ಡಬ್ಬಿ ಕಟ್ಟಬೇಕು. ಇಷ್ಟೆಲ್ಲ ಮಾಡುವಾಕೆ ಒಬ್ಬಳೇ. ಯಜಮಾನರಾದ ನಾವು ಚರ್ಚ್‌ಗೇಟ್ ಲೋಕಲ್ಲಿನ ವೇಳೆ ನೋಡುತ್ತ, "ನನ್ನ ಕರವಸ್ತ್ರ ಎಲ್ಲಿ?" ಎಂದು ಕೂಗುತ್ತೇವೆ. ಆಕೆಗೂ ಕಚೇರಿಯಿದೆ, ಆಕೆಯೂ ಲೋಕಲ್ ಹಿಡಿಯಬೇಕು ಎಂಬುದು ನಮ್ಮ ನೆನಪಿಗೇ ಬರುವುದಿಲ್ಲ.

ನೀರಿನ ಮಾತು ಬಂದರೆ ಈ ಊರಿನವರು ಮೃಣಾಲ್ ಗೋರೆಯವರನ್ನು ಮರೆಯುವಂತಿಲ್ಲ. ಜನರಿಗೆ ಕುಡಿಯುವ ನೀರು ಬೇಕೆಂದು ಹೋರಾಡಿ 'ಪಾಣಿವಾಲಿ ಬಾಯಿ' ಎನಿಸಿಕೊಂಡವರು ಅವರು. 1972ರಲ್ಲಿ ಬೆಲೆಯೇರಿಕೆಯ ವಿರುದ್ಧ ಗೃಹಿಣಿಯರು ಲಟ್ಟಣಿಗೆ ಹಿಡಿದು ಬೀದಿಗಿಳಿದಾಗ ಅವರನ್ನು ಮುನ್ನಡೆಸಿದವರಲ್ಲಿಯೂ ಒಬ್ಬರು. ಮೃಣಾಲ್‌ತಾಯಿ 2012ರಲ್ಲಿ ತೀರಿಕೊಂಡರು. ನಲ್ಲಿಗೆ ನೀರು ಬಂತು. ಅದನ್ನು ತುಂಬುವ ಕೈ ಬದಲಾಗಲಿಲ್ಲ. ಲಟ್ಟಣಿಗೆಯೂ ಬೀದಿಯಿಂದ ಅಡುಗೆಮನೆಗೆ, ಅದೇ ಕೈಗೆ ಮರಳಿತು.

ಇದು ಬರಿಯ ಗೊಣಗಾಟವಲ್ಲ. ಕೇಂದ್ರ ಸರ್ಕಾರದ 2024ರ ಸಮಯ ಬಳಕೆ ಸಮೀಕ್ಷೆಯ ಪ್ರಕಾರ, ಮನೆಗೆಲಸ ಮಾಡುವ ಹೆಂಗಸರು ಅದಕ್ಕೆ ಕೊಡುವ ಹೊತ್ತು ದಿನಕ್ಕೆ 289 ನಿಮಿಷ. ಗಂಡಸರು 88 ನಿಮಿಷ. 2019ರಲ್ಲಿ ನಮ್ಮ ಪಾಲು 97 ನಿಮಿಷವಿತ್ತು. ಐದು ವರ್ಷಗಳಲ್ಲಿ ನಾವು ಹಿಂದೆ ಸರಿದೆವಲ್ಲದೆ ಮುಂದೆ ಬರಲಿಲ್ಲ!

"ಗಂಡಸು ಪಾತ್ರೆ ತೊಳೆಯುವುದೆ?" ಎಂದು ಕೇಳುವ ಹಿರಿಯರಿದ್ದಾರೆ. ಸ್ವಾಮಿ, ನಮ್ಮವರಲ್ಲಿ ಎಷ್ಟೋ ಮಂದಿ ಹುಡುಗರಾಗಿ ಈ ಮುಂಬಯಿಗೆ ಬಂದು, ಉಡುಪಿ ಹೋಟೆಲುಗಳಲ್ಲಿ ಕಪ್ಪು ಬಸಿ ತೊಳೆದು, ಹಿಟ್ಟು ರುಬ್ಬಿ, ರಾತ್ರಿಶಾಲೆಯಲ್ಲಿ ಕಲಿತು ಮೇಲೆ ಬಂದವರಲ್ಲವೆ? ಸಂಬಳಕ್ಕಾಗಿ ತೊಳೆದಾಗ ಹೋಗದ ಮಾನ ಸ್ವಂತ ಮನೆಯಲ್ಲಿ ತೊಳೆದರೆ ಹೋಗುವುದೆ?

ಮಕ್ಕಳ ಬಾಯಲ್ಲಿ ಕನ್ನಡ ಉಳಿಯುತ್ತಿಲ್ಲವೆಂದು ನಾವು ರಾಜ್ಯೋತ್ಸವದ ವೇದಿಕೆಯಲ್ಲಿ ಮರುಗುತ್ತೇವೆ. ಹೊಣೆಯನ್ನು ತಾಯಂದಿರ ಮೇಲೆ ಹೊರಿಸುತ್ತೇವೆ. ಬೆಳಗಿನ ಆ ಗಡಿಬಿಡಿಯಲ್ಲಿ "ಏಳು, ಬೇಗ, ಹೊತ್ತಾಯಿತು" ಎಂಬ ಮೂರು ಮಾತುಗಳಾಚೆ ಕನ್ನಡ ಕಲಿಸಲು ಆಕೆಗೆ ಉಸಿರೆಲ್ಲಿದೆ? ಕೈಯಲ್ಲಿ ಮೊಬೈಲು ಹಿಡಿದು ಕುಳಿತ ತಂದೆಗೆ ಬಾಯಿಲ್ಲವೆ? ಮಗುವಿನ ತಲೆ ಬಾಚುತ್ತ ಊರಿನ ಒಂದು ಕಥೆ ಹೇಳಲು ಆತನಿಗೆ ಬಾರದೆ?

ಮಹಿಳಾ ದಿನಕ್ಕೆ ಶಾಲು ಹೊದಿಸಿ ಹಾರ ಹಾಕುವುದು ಸುಲಭ. ಅದು ವರ್ಷಕ್ಕೊಂದು ಸಂಜೆಯ ಕೆಲಸ. ನೀರು ದಿನವೂ ಬರುತ್ತದೆ. ನಾಳೆ ಬೆಳಿಗ್ಗೆ ನಲ್ಲಿ ಸದ್ದು ಮಾಡಿದಾಗ ಆಕೆ ಮಲಗಿರಲಿ; ನಾವು ಏಳೋಣ.